ರಜೆಯ ಮೇಲಿದ್ದ ಸೈನ್ಯಕ್ಕೆ ಎರಡು ಕಲ್ಲಂಗಡಿ

ನಾನು ಅವರನ್ನು ಮೊದಲ ಸಲ ನೋಡಿದಾಗ ಅವರು ನನ್ನ ಗಂಡನ ಬನಿಯನ್ ಮಡಿಸುತ್ತಿದ್ದರು.

ಸ್ವೀಡನ್ನಿನ ಶೋವ್ಡೆ ಊರಿನಲ್ಲಿ ನಾವಿದ್ದ ಬಾಡಿಗೆ ಕಟ್ಟಡದ ನೆಲಮಾಳಿಗೆಯಲ್ಲಿ ಎಲ್ಲ ಮನೆಗಳಿಗೂ ಸೇರಿ ಒಂದೇ ಬಟ್ಟೆ ಒಗೆಯುವ ಕೋಣೆ. ಸಮಯವನ್ನು ಮೊದಲೇ ಬುಕ್ ಮಾಡಬೇಕು. ನಿಮ್ಮ ಸಮಯ ಮುಗಿದು ಹತ್ತು ನಿಮಿಷವಾದ ಮೇಲೂ ಬಟ್ಟೆ ಮೆಷಿನ್ನಿನಲ್ಲೇ ಇದ್ದರೆ ಸ್ವೀಡನ್ನಿನವರು ಜಗಳವಾಡುವುದಿಲ್ಲ, ಗೋಡೆಗೆ ಒಂದು ಚೀಟಿ ಅಂಟಿಸುತ್ತಾರೆ. ಚೀಟಿಯ ಕೊನೆಗೆ ಒಂದು ನಗುಮುಖ ಬೇರೆ. ಅದನ್ನು ಓದುವುದಕ್ಕಿಂತ ಎದುರಿಗೆ ಬೈಸಿಕೊಳ್ಳುವುದೇ ವಾಸಿ. ಅವತ್ತು ನಾನು ಇಪ್ಪತ್ತು ನಿಮಿಷ ತಡ. ಚೀಟಿಗೆ ಮನಸ್ಸು ಗಟ್ಟಿಮಾಡಿಕೊಂಡು ಇಳಿದು ಹೋದರೆ, ಬಿಳಿ ಕೂದಲಿನ, ಕೋಲಿನಂತೆ ನೆಟ್ಟಗೆ ನಿಂತ ಚೀನಾದ ತಾತ ಒಬ್ಬರು ನಮ್ಮ ಬಟ್ಟೆಯನ್ನೆಲ್ಲ ಮೇಜಿನ ಮೇಲೆ ಮಡಿಸಿ ಇಟ್ಟಿದ್ದರು. ಮಡಿಸಿದ್ದು ಅಂದರೆ ಸಾಲದು. ಒಂದೊಂದು ಬಟ್ಟೆಯೂ ಇಟ್ಟಿಗೆಯಾಗಿತ್ತು. ನನ್ನ ಲಂಗಕ್ಕೆ ನಾಲ್ಕು ಮೂಲೆ ಇರುವುದು ನನಗೆ ಅವತ್ತೇ ಗೊತ್ತಾದದ್ದು.

ಕಾರಿನ ಎಂಜಿನ್ ಕಾರ್ಖಾನೆಯಲ್ಲಿ ನನ್ನ ಪಕ್ಕದ ಮೇಜಿನವಳ ಅಪ್ಪ ಅವರು. ಅವಳೂ ನನ್ನ ಹಾಗೆ ವರ್ಕ್ ಪರ್ಮಿಟ್ಟಿನ ಮೇಲೆ ಬಂದವಳು, ನಮ್ಮ ಮೇಲಿನ ಮಹಡಿಯಲ್ಲೇ ಮನೆ. ಅಪ್ಪ ಮೂರು ತಿಂಗಳ ವೀಸಾದಲ್ಲಿ ಬಂದಿದ್ದರು. ಅಮ್ಮ ವಿಮಾನ ಹತ್ತುವುದಿಲ್ಲ ಎಂದು ಊರಲ್ಲೇ ಉಳಿದಿದ್ದರಂತೆ. ತಾತನಿಗೆ ಚೀನೀ ಬಿಟ್ಟು ಬೇರೆ ಭಾಷೆ ಬಾರದು. ಕೈಯಲ್ಲೊಂದು ಫೋನ್; ಅದರಲ್ಲಿ ಮಾತಾಡಿದರೆ ಅದು ಇಂಗ್ಲಿಷಿನಲ್ಲಿ ಏನೋ ಒಂದು ಹೇಳುತ್ತಿತ್ತು. ಅವತ್ತು ಅದು ನನಗೆ ಗಂಭೀರವಾಗಿ ಹೇಳಿದ್ದು: “ನಿಮ್ಮ ಬಟ್ಟೆಗೆ ಶಿಸ್ತು ಕಡಿಮೆ.”

ನನ್ನ ಐದು ವರ್ಷದ ಮಗಳು ಎರಡೇ ದಿನದಲ್ಲಿ ಅವರನ್ನು ‘ತಾತ’ ಎಂದು ಕರೆಯಲು ಶುರುಮಾಡಿದಳು. ಇಬ್ಬರೂ ಪರಸ್ಪರ ಅರ್ಥವಾಗದ ಭಾಷೆಯಲ್ಲಿ ಗಂಟೆಗಟ್ಟಲೆ ಹರಟುತ್ತಿದ್ದರು. ನಾನು ಕೇಳಿದ್ದಕ್ಕೆ ಸ್ವೀಡಿಷಿನಲ್ಲಿ ಒಂದೇ ಪದದ ಉತ್ತರ ಕೊಡುವ ಹುಡುಗಿ ಅವರ ಮುಂದೆ ಕನ್ನಡದಲ್ಲಿ ಕಥೆ ಹೇಳುತ್ತಿದ್ದಳು. ನನಗೆ ಹೊಟ್ಟೆಕಿಚ್ಚಾಗದೆ ಇರಲಿಲ್ಲ.

ತಾತ ಎಪ್ಪತ್ತರ ದಶಕದಲ್ಲಿ ಸೈನ್ಯದಲ್ಲಿದ್ದವರು, ಪಶ್ಚಿಮದ ಬೆಟ್ಟಗಳಲ್ಲಿ ರಸ್ತೆ ಕಡಿದವರು. ಅದು ಗೊತ್ತಾದ ದಿನ ನನ್ನ ಗಂಡ ಮ್ಯಾಪ್ ತೆಗೆದು ನೋಡಿ, “ಇವ್ರು ಅಗೀತಿದ್ದ ಬೆಟ್ಟದ ಈ ಕಡೆ ನಮ್ಮವ್ರು ಅಗೀತಿದ್ರು ಕಣೇ,” ಅಂದ. ತಾತ ಅದನ್ನು ಫೋನಿನಲ್ಲಿ ಕೇಳಿ, “ನಿಮ್ಮವರಿಗೆ ಊಟ ಹೇಗಿತ್ತು?” ಎಂದು ಕೇಳಿದರು. ನಮಗೆ ಗೊತ್ತಿರಲಿಲ್ಲ. “ನಮ್ಮದು ಚೆನ್ನಾಗಿರಲಿಲ್ಲ,” ಎಂದು ಅವರೇ ಮಾತು ಮುಗಿಸಿದರು.

ಶೋವ್ಡೆಯಲ್ಲಿ ಒಂದು ಸೈನ್ಯದ ಠಾಣ್ಯವೂ ಇದೆ. ಸಮವಸ್ತ್ರ ತೊಟ್ಟ ಹುಡುಗ ಹುಡುಗಿಯರು ಬಸ್ಸಿನಲ್ಲಿ, ಅಂಗಡಿಯಲ್ಲಿ ಕಾಣಿಸುವುದು ಸಾಮಾನ್ಯ. ಜುಲೈಯಲ್ಲಿ ಒಂದು ದಿನ ನಾನು, ಮಗಳು, ತಾತ ದಿನಸಿ ಅಂಗಡಿಯ ಕ್ಯೂನಲ್ಲಿದ್ದೆವು. ನಮ್ಮ ಹಿಂದೆ ಒಬ್ಬ ಸೈನಿಕ, ಕೈಯಲ್ಲಿ ಐಸ್‌ಕ್ರೀಮ್ ಡಬ್ಬಿ. ತಾತ ತಿರುಗಿ ನೋಡಿದರು. ಮುಖ ಗಂಭೀರವಾಯಿತು. ಆ ಹುಡುಗನ ಮೊಣಕೈ ಹಿಡಿದು, ನಮ್ಮನ್ನೂ ನಮ್ಮ ಮುಂದಿದ್ದ ನಾಲ್ವರನ್ನೂ ದಾಟಿಸಿ, ನೇರ ಕೌಂಟರಿನ ಮುಂದೆ ಕೊಂಡೊಯ್ದು ನಿಲ್ಲಿಸಿದರು. ಎದೆಯುಬ್ಬಿಸಿ ಒಂದು ಸೆಲ್ಯೂಟ್ ಕೂಡ ಹೊಡೆದರು.

ಸ್ವೀಡನ್ನಿನಲ್ಲಿ ದೇವರ ವಿಷಯ ಏನು ಬೇಕಾದರೂ ಅನ್ನಬಹುದು, ಕ್ಯೂ ಮುಟ್ಟಬಾರದು. ಅಂಗಡಿಯ ಫ್ರಿಜ್ಜುಗಳ ಸದ್ದು ಮಾತ್ರ ಕೇಳುತ್ತಿತ್ತು. ಸೈನಿಕನ ಕಿವಿ ಕೆಂಪಾಯಿತು. ಅವನು “ಇಲ್ಲ, ಇಲ್ಲ, ಥ್ಯಾಂಕ್ಸ್” ಎನ್ನುತ್ತ ಹಿಂದೆ ಸರಿದವನು ನಾಚಿಕೆಗೆ ತನ್ನ ಮೊದಲಿನ ಜಾಗಕ್ಕೂ ಬಾರದೆ ಎಲ್ಲರಿಗಿಂತ ಕೊನೆಗೆ ಹೋಗಿ ನಿಂತ. ಐಸ್‌ಕ್ರೀಮ್ ಅವನ ಬೂಟಿನ ಮೇಲೆ ತೊಟ್ಟಿಕ್ಕಲು ಶುರುವಾಗಿತ್ತು.

ಸಂಜೆ ಇದನ್ನು ಕೇಳಿ ತಾತನ ಮಗಳು ಹಣೆ ಚಚ್ಚಿಕೊಂಡಳು. “ನಮ್ಮಲ್ಲಿ ರೈಲ್ವೆ ಸ್ಟೇಷನ್ನಲ್ಲಿ ‘ಸೈನಿಕರಿಗೆ ಮೊದಲು’ ಅಂತ ಬೋರ್ಡೇ ಇರತ್ತೆ. ಅಪ್ಪಂಗೆ ಇಡೀ ಪ್ರಪಂಚದಲ್ಲಿ ಹಾಗೇ ಅಂತ,” ಅಂದಳು. ಆಮೇಲೆ ಇನ್ನೂ ಹೇಳಿದಳು. ಆಗಸ್ಟ್ ಒಂದು ಅವರ ಸೈನ್ಯದ ಹುಟ್ಟುಹಬ್ಬ. ಅವರ ಜಿಲ್ಲೆಯ ಮುಖ್ಯಾಧಿಕಾರಿ, ಅವರಿಗಿಂತ ಮೇಲಿನ ಕಮ್ಯುನಿಸ್ಟ್ ಪಕ್ಷದ ಕಾರ್ಯದರ್ಶಿ, ಎಲ್ಲ ಮೆರವಣಿಗೆಯಲ್ಲಿ ಠಾಣ್ಯಕ್ಕೆ ಕಲ್ಲಂಗಡಿ, ಹಂದಿಮಾಂಸ, ಕೈಯಲ್ಲಿ ಕಸೂತಿ ಹಾಕಿದ ಬಟ್ಟೆಯ ಅಟ್ಟೆ ಹೊತ್ತುಕೊಂಡು ಹೋಗುತ್ತಾರೆ. ಅಟ್ಟೆ ಅಂದರೆ ಬೂಟಿನೊಳಗೆ ಕಾಲಡಿಗೆ ಹಾಸಿಕೊಳ್ಳುವಂಥದ್ದು. ಜನ ಸೈನ್ಯವನ್ನು ಪ್ರೀತಿಸುತ್ತಾರೆ ಎಂದು ತೋರಿಸಲು ಅದು. ಸೈನ್ಯ ಜನರನ್ನು ಪ್ರೀತಿಸುತ್ತದೆ ಎಂದು ತೋರಿಸಲು ಸೈನಿಕರು ಊರಿಗೆ ಬಂದು ರಸ್ತೆ ಗುಡಿಸುತ್ತಾರೆ, ಮುದುಕರ ಕೂದಲು ಕತ್ತರಿಸುತ್ತಾರೆ.

“ನಮ್ ಬೀದೀಲಿ ಒಬ್ಬಳು ಅಜ್ಜಿ ಇದ್ಳು. ಒಂದೇ ದಿನ ಮೂರು ತುಕಡಿ ಬಂದು ಮೂರು ಸಲ ಕೂದಲು ಕತ್ತರಿಸಿ ಫೋಟೊ ತೆಗೆಸ್ಕೊಂಡ್ರು. ಚಳಿಗಾಲದವರೆಗೂ ಅವಳು ಟೋಪಿ ತೆಗೀಲಿಲ್ಲ.”

ಅವಳು ಇದನ್ನು ಜೋಕಿನ ಹಾಗೆ ಹೇಳಿದಳು. ತಾತ ಮಾತ್ರ ಪೆಟ್ಟಿಗೆಯಿಂದ ಹನ್ನೆರಡು ಜೊತೆ ಅಟ್ಟೆ ತೆಗೆದು ಸೋಫಾದ ಮೇಲೆ ಜೋಡಿಸಿದರು. ಕೆಂಪು ಹೂ, ಹಸಿರು ಎಲೆ. ಅವರ ಹೆಂಡತಿ ಟಿವಿ ನೋಡುತ್ತ ಹೊಲಿದದ್ದು. ಫೋನ್ ಹೇಳಿತು: “ನಾಡಿದ್ದು ಆಗಸ್ಟ್ ಒಂದು. ಈ ಊರಿನಲ್ಲಿ ಸೈನ್ಯ ಇದೆ. ಹೋಗುವುದು ಸಭ್ಯತೆ.”

“ನಾನ್ ಬರಲ್ಲ,” ಅಂದಳು ತಾತನ ಮಗಳು. “ನಂದು ಚೈನೀಸ್ ಪಾಸ್‌ಪೋರ್ಟ್, ಅಪ್ಪ ಮಾಜಿ ಸೈನಿಕ. ಪೇಪರಲ್ಲಿ ಬರೋಕೆ ಇನ್ನೇನ್ ಬೇಕು?”

ತಾತ ನನ್ನ ಕಡೆ ನೋಡಿದರು. ನಾನು ನಾಲ್ಕು ವಾರದ ಬೇಸಿಗೆ ರಜೆಯಲ್ಲಿದ್ದೆ, ಮಗಳ ಶಿಶುವಿಹಾರ ಮುಚ್ಚಿತ್ತು, ಮಗುವನ್ನು ಆಡಿಸಿ ಆಡಿಸಿ ತಲೆ ಕೆಟ್ಟಿತ್ತು, ಸಂಜೆ ತರಗತಿಯ ಸ್ವೀಡಿಷ್ ಬರುತ್ತಿತ್ತು. ಅವರು ವಾರಕ್ಕೆರಡು ಸಲ ನಮಗೆಂದೇ ಮೊಟ್ಟೆ ಕೂಡ ಹಾಕದೆ, ಬರೀ ಸೊಪ್ಪು ತುಂಬಿದ ಕಡುಬು ಮಾಡಿ ಕಳಿಸುತ್ತಿದ್ದರು. ಇಲ್ಲ ಅನ್ನುವುದು ಹೇಗೆ?

ನನ್ನ ಗಂಡನಿಗೆ ಹೇಳಿದಾಗ ಅವನು ಲ್ಯಾಪ್‌ಟಾಪ್ ಮುಚ್ಚಿದ. “ಒಂದ್ನಿಮಿಷ. ಚೈನಾ ಮಿಲಿಟರಿಯವ್ರನ್ನ ಕರ್ಕೊಂಡು, ಇಂಡಿಯನ್ ಪಾಸ್‌ಪೋರ್ಟ್ ಇಟ್ಕೊಂಡು, ಸ್ವೀಡನ್ ಆರ್ಮಿ ಗೇಟಿಗೆ ಪಾರ್ಸೆಲ್ ತಗೊಂಡ್ ಹೋಗ್ತೀಯಾ? ನಮ್ ಪರ್ಮಿಟ್ ರಿನ್ಯೂವಲ್‌ಗೆ ಹಾಕಿದೀವಿ, ನೆನಪಿದ್ಯಾ?”

“ಪಾರ್ಸೆಲ್ ಅಲ್ಲ, ಕಲ್ಲಂಗಡಿ. ನೀನ್ ಸುಮ್ನಿರಪ್ಪ.”

“ಅರೆಸ್ಟ್ ಆದ್ರೆ ಕಾಲ್ ಮಾಡು. ಮೀಟಿಂಗ್ ಇದ್ರೆ ಎತ್ತಲ್ಲ.”

ಕಲ್ಲಂಗಡಿ ಭಾರವೆಂದು ನನ್ನ ಮಗಳ ಹಳೆಯ ತಳ್ಳುಗಾಡಿಯಲ್ಲಿ ಎರಡನ್ನು ಕೂರಿಸಿ, ಬಿಸಿಲು ತಾಗದಿರಲೆಂದು ತಾತ ಅವುಗಳ ಮೇಲೆ ಕಂಬಳಿ ಹೊದಿಸಿದರು. ಹೊರಗಿನಿಂದ ನೋಡಿದರೆ ಅವಳಿ ಮಕ್ಕಳು ಮಲಗಿದ ಹಾಗಿತ್ತು. ದಾರಿಯಲ್ಲಿ ಒಬ್ಬ ಹೆಂಗಸು ಬಗ್ಗಿ ನೋಡಲು ಬಂದು ಸುಮ್ಮನೆ ಎದ್ದು ಹೋದಳು. ತಾತ ಇಸ್ತ್ರಿ ಹಾಕಿದ ಬಿಳಿ ಶರ್ಟು ತೊಟ್ಟಿದ್ದರು, ಎದೆಯ ಮೇಲೆ ಒಂದು ಸಣ್ಣ ಪದಕ.

ಠಾಣ್ಯದ ಗೇಟಿನಲ್ಲಿ ಬಿಸಿಲಿಗೆ ಮೂಗು ಸುಲಿದ ಕಾವಲಿನ ಹುಡುಗನೊಬ್ಬ ಇದ್ದ. ನಾನು ಕಂಠಪಾಠ ಮಾಡಿದ್ದ ಸ್ವೀಡಿಷ್ ವಾಕ್ಯ ಅವನನ್ನು ನೋಡುತ್ತಲೇ ಮರೆತುಹೋಯಿತು. ಅವನು ಗಾಡಿಯ ಕಡೆ ನೋಡಿ, “ಅದರಲ್ಲಿ ಏನಿದೆ?” ಎಂದು ಕೇಳಿದ.

“ವಟ್ಟೆನ್‌ಮೆಲೋನ್!” ಎಂದು ಕಂಬಳಿ ಎಳೆದು ಕೂಗಿದಳು ನನ್ನ ಮಗಳು. ಕಲ್ಲಂಗಡಿ.

ಹುಡುಗ ವಾಕಿಟಾಕಿ ಎತ್ತಿದ. “ಗೇಟಿನಲ್ಲಿ ಮೂರು ಜನ ಇದ್ದಾರೆ. ಹೌದು. ಕಲ್ಲಂಗಡಿ. ಇಲ್ಲ, ಎರಡು. ಇಲ್ಲ, ಮಾರೋಕೆ ಅಲ್ಲ ಅನ್ನಿಸುತ್ತೆ.”

ಸ್ವಲ್ಪ ಹೊತ್ತಿಗೆ ಒಳಗಿನಿಂದ ಅಧಿಕಾರಿಯೊಬ್ಬರು ಬಂದರು. ಮೂವತ್ತರ ಆಸುಪಾಸಿನ ಹೆಣ್ಣುಮಗಳು, ಗಿಡ್ಡ, ಚುರುಕು. ನಾನು ತಡವರಿಸುತ್ತ ಎಲ್ಲ ವಿವರಿಸಿದೆ. ಆಕೆ ಕೊನೆಯವರೆಗೂ ಕೇಳಿ, “ತುಂಬಾ ಚೆನ್ನಾಗಿದೆ. ಆದರೆ ತಿನ್ನೋಕೆ ಯಾರೂ ಇಲ್ಲ. ಹೆಚ್ಚಿನವರೆಲ್ಲ ರಜೆಯಲ್ಲಿದ್ದಾರೆ,” ಎಂದರು.

ತಾತನಿಗೆ ಫೋನಿನಲ್ಲಿ ಇದನ್ನು ಕೇಳಿಸಿದೆ. ಅವರು ಮತ್ತೊಮ್ಮೆ ಕೇಳಿಸು ಎಂದರು. ಮೂರನೆಯ ಸಲವೂ ಫೋನ್ ಅದನ್ನೇ ಹೇಳಿತು. “ಸೈನ್ಯ ರಜೆಯಲ್ಲಿದೆಯೇ?” ಎಂದು ಗೇಟಿನಾಚೆಯ ಖಾಲಿ ಅಂಗಳವನ್ನು ನೋಡಿದರು. “ಶತ್ರುವಿಗೆ ಇದು ಗೊತ್ತಿದೆಯೇ?”

“ಅವರೂ ರಜೆಯಲ್ಲಿರಬಹುದು,” ಅಂದರು ಅಧಿಕಾರಿ.

ಹಣ್ಣನ್ನು ಒಳಗೆ ತೆಗೆದುಕೊಳ್ಳುವ ಹಾಗಿಲ್ಲ, ಹೊರಗಿನವರಿಂದ ಉಡುಗೊರೆ ಪಡೆಯುವ ಹಾಗಿಲ್ಲ, ಗೇಟಿನ ಮುಂದೆ ಫೋಟೊ ತೆಗೆಯುವ ಹಾಗಂತೂ ಇಲ್ಲವೇ ಇಲ್ಲ. ಕೊನೆಯದನ್ನು ಕೇಳಿ ತಾತ ನಿಜವಾಗಿಯೂ ಗೊಂದಲಕ್ಕೆ ಬಿದ್ದರು. “ಫೋಟೊ ಇಲ್ಲದಿದ್ದರೆ ನಿಮ್ಮ ಊರಿನ ಅಧಿಕಾರಿಗಳು ಇಲ್ಲಿಗೆ ಯಾಕೆ ಬರುತ್ತಾರೆ?”

“ಅವರು ಬರಲ್ಲ. ನಮ್ಮ ಟ್ಯಾಂಕು ನಗರಸಭೆಯ ರಸ್ತೆ ಹಾಳು ಮಾಡಿದರೆ ಕಾಗದ ಬರೆಯುತ್ತಾರೆ.”

“ಆಗ ಏನು ಮಾಡುತ್ತೀರಿ?”

“ಕ್ಷಮೆ ಕೇಳಿ ರಿಪೇರಿ ಮಾಡಿಸ್ತೀವಿ.”

ತಾತ ನಂಬಲಿಲ್ಲ. ಬಡಪಾಯಿ ಫೋನು ತಪ್ಪು ಹೇಳುತ್ತಿದೆ ಎಂದುಕೊಂಡು ಅದನ್ನು ಒಮ್ಮೆ ಅಲುಗಾಡಿಸಿದರು.

ಆ ಅಧಿಕಾರಿಗೆ ನಮ್ಮನ್ನು ಹಾಗೇ ಕಳಿಸಲು ಮನಸ್ಸು ಬರಲಿಲ್ಲವೋ, ಅಥವಾ ಅವತ್ತು ಆಕೆಗೆ ನಿಜಕ್ಕೂ ಬೇರೇನೂ ಕೆಲಸವಿರಲಿಲ್ಲವೋ, ಒಳಗೆ ಹೋಗಿ ಅಡುಗೆಮನೆಯ ಚಾಕು, ಕಾಫಿ ಫ್ಲಾಸ್ಕ್ ತಂದರು. ಬೇಲಿಯ ಹೊರಗಿನ ಹುಲ್ಲಿನ ಮೇಲೆ ಕೂತೆವು. ತಾತ ಹಣ್ಣನ್ನು ಒಂದೇ ಅಳತೆಯ ಹೋಳು ಮಾಡಿ, ಮೊದಲನೆಯದನ್ನು ಎರಡೂ ಕೈಯಲ್ಲಿ ಹಿಡಿದು ಆಕೆಗೆ ಕೊಟ್ಟರು. ಕಾವಲಿನ ಹುಡುಗ ನಿಂತಲ್ಲೇ ಬಗ್ಗಿ ತಿಂದ, ಸಮವಸ್ತ್ರದ ಮೇಲೆ ರಸ ಬೀಳದ ಹಾಗೆ.

ಅಲ್ಲಿ ಕೂತು ತಾತ ಕೇಳಿದ ಪ್ರಶ್ನೆಯನ್ನು ಫೋನು ಇಂಗ್ಲಿಷಿನಲ್ಲಿ ಹೀಗೆ ಹೇಳಿತು: “ನಿಮ್ಮ ಸೈನ್ಯ ಪಾರ್ಟಿಯ ಮಾತು ಕೇಳುತ್ತದೆಯೇ?”

“ಶುಕ್ರವಾರ ಮಾತ್ರ,” ಅಂದ ಕಾವಲಿನ ಹುಡುಗ.

ಅಧಿಕಾರಿಗೆ ಅರ್ಥವಾಗಿತ್ತು. “ಯಾವ ಪಾರ್ಟಿ? ಪಾರ್ಲಿಮೆಂಟಿನಲ್ಲಿ ಎಂಟು ಇವೆ.”

“ನಮ್ಮಲ್ಲಿ ಒಂದೇ,” ಅಂದರು ತಾತ. “ಸೈನ್ಯ ಅದರದ್ದು. ದೇಶದ್ದಲ್ಲ, ಪಕ್ಷದ್ದು. ಇದು ಗುಟ್ಟಲ್ಲ, ಶಾಲೆಯಲ್ಲೇ ಕಲಿಸುತ್ತಾರೆ.” ಸ್ವಲ್ಪ ಹೊತ್ತು ಹಣ್ಣು ತಿಂದು, ಬೀಜ ಉಗುಳಿ, ಮತ್ತೆ ಕೇಳಿದರು. “ಎಂಟೂ ಪಕ್ಷದವರು ಒಟ್ಟಿಗೆ ಆಜ್ಞೆ ಕೊಟ್ಟರೆ?”

“ಅದು ಇನ್ನೂ ಆಗಿಲ್ಲ,” ಅಂದರು ಆಕೆ.

ಅಟ್ಟೆಗಳ ವಿಷಯಕ್ಕೆ ಬಂದರೆ, ಅವು ಚೀನಾದ ಹುಡುಗರ ಅಳತೆಯವು. ಕಾವಲಿನ ಹುಡುಗನ ಬೂಟು ದೋಣಿಯಷ್ಟಿತ್ತು. ಅಧಿಕಾರಿ ಒಂದನ್ನು ತೆಗೆದು ತಮ್ಮ ಬೂಟಿನ ಪಕ್ಕ ಹಿಡಿದು ನೋಡಿದರು; ಸರಿಯಾಗಿ ಹೊಂದಿತು. ನಿಯಮದ ಪ್ರಕಾರ ಹಿಂದಿರುಗಿಸಲೇಬೇಕಿತ್ತು, ಹಿಂದಿರುಗಿಸಿದರು ಕೂಡ. ಆದರೆ ಅದಕ್ಕೆ ಮೊದಲು ಹೊಲಿಗೆಯ ಮೇಲೆ ಬೆರಳಾಡಿಸಿ, “ಇದನ್ನು ಯಾರಾದರೂ ಕಾಲಡಿಗೆ ಹಾಕಿಕೊಳ್ಳುತ್ತಾರಾ?” ಎಂದು ಕೇಳಿದರು. ಫೋನಿನ ತರ್ಜುಮೆ ಕೇಳಿ ತಾತ ಎದ್ದು ನಿಂತು ಸೆಲ್ಯೂಟ್ ಹೊಡೆದರು. ಆಕೆಯೂ ಎದ್ದು ಹೊಡೆದರು. ನನ್ನ ಮಗಳೂ ಹೊಡೆದಳು, ಎಡಗೈಯಲ್ಲಿ.

ಸಂಜೆ ಊಟಕ್ಕೆ ಅವರ ಮನೆಗೇ ಹೋದೆವು. ಮೊದಲು ಚೀನೀಯಲ್ಲಿ ಕಾಲು ಗಂಟೆ ಅಪ್ಪನ ಮೇಲೆ ಕೂಗಾಡಿದ ಮಗಳು, ಅವರು ಪಾತ್ರೆ ತೊಳೆಯಲು ಎದ್ದು ಹೋದ ಮೇಲೆ ನನ್ನ ಪಕ್ಕ ಬಂದು ಕೂತಳು.

“ನಿಂಗೆ ಅನ್ಸಿರ್ಬೋದು, ಪಾಪ, ದೇಶಭಕ್ತ ಮುದುಕ ಅಂತ,” ಅಂದಳು. “ಹಾಗೇನಿಲ್ಲ.”

ಸೈನ್ಯದಿಂದ ಬಿಡುಗಡೆಯಾದವರಿಗೆ ಕೆಲಸ ಹುಡುಕಿಕೊಡುವುದು ಜಿಲ್ಲಾಡಳಿತದ ಹೊಣೆ. ತಾತನನ್ನು ಗೊಬ್ಬರದ ಕಾರ್ಖಾನೆಗೆ ಹಾಕಿದರು. ತೊಂಬತ್ತರ ದಶಕದ ಕೊನೆಗೆ ಅದು ಮುಚ್ಚಿತು. ಆಡಳಿತ ಸೈನ್ಯದ ಕಡೆ ಬೆರಳು ತೋರಿಸಿತು, ಸೈನ್ಯ ಆಡಳಿತದ ಕಡೆ. ಹಳೆಯ ಸೈನಿಕರು ಹಳೆಯ ಸಮವಸ್ತ್ರ ತೊಟ್ಟು ಜಿಲ್ಲಾ ಕಚೇರಿಯ ಮುಂದೆ ಸಾಲಾಗಿ ನಿಂತು, ತಾವು ಕಲಿತ ಹಾಡು ಹಾಡಿದರು. ಅದನ್ನು ಹಾಡಬೇಡಿ ಅನ್ನಲು ಯಾವ ಅಧಿಕಾರಿಗೂ ಧೈರ್ಯವಿರಲಿಲ್ಲ. ಅದು ಪಕ್ಷದ್ದೇ ಹಾಡು. ಎರಡು ದಿನ ಕೇಳಿಸಿಕೊಂಡರು. ಮೂರನೆಯ ದಿನ ವ್ಯಾನ್ ತಂದು ಎಲ್ಲರನ್ನೂ ಒಂದು ಅತಿಥಿಗೃಹಕ್ಕೆ ಸಾಗಿಸಿ, ಹೊಟ್ಟೆ ತುಂಬ ಊಟ ಹಾಕಿ, ಬಾಗಿಲಿಗೆ ಬೀಗ ಹಾಕಿದರು.

“ಅಪ್ಪನ್ನ ಒಪ್ಸೋಕೆ ಯಾರನ್ನ ಕಳ್ಸಿದ್ರು ಗೊತ್ತಾ? ಅಪ್ಪನ ಜೊತೆ ಒಂದೇ ಬ್ಯಾರಕ್ಕಲ್ಲಿ ಮಲಗ್ತಿದ್ದ ಫ್ರೆಂಡನ್ನ. ಅವನಿಗೆ ಅದೇ ಜಿಲ್ಲಾ ಆಫೀಸಲ್ಲಿ ಕೆಲಸ ಸಿಕ್ಕಿತ್ತು. ‘ನೀನ್ ಮನೆಗ್ ಹೋಗ್ದೆ ಇದ್ರೆ ನನ್ ಕೆಲಸ ಹೋಗತ್ತೆ’ ಅಂದನಂತೆ. ಅಪ್ಪ ಎದ್ದು ಬಂದ್ಬಿಟ್ರು. ಆಮೇಲೆ ಅವನನ್ನ ಮಾತಾಡ್ಸಿಲ್ಲ. ಇಪ್ಪತ್ತು ವರ್ಷ ಆಯ್ತು, ಒಂದೇ ಮಾರ್ಕೆಟ್ಟಲ್ಲಿ ತರಕಾರಿ ತಗೋತಾರೆ.”

ನಾನು ಅಡುಗೆಮನೆಯ ಕಡೆ ನೋಡಿದೆ. ತಾತ ತಟ್ಟೆಗಳನ್ನು ಅಳತೆಯ ಪ್ರಕಾರ ಜೋಡಿಸುತ್ತಿದ್ದರು. ಮೋಸ ಮಾಡಿದ್ದು ಯಾರು ಎಂದು ಅವರಿಗೆ ಚೆನ್ನಾಗಿ ಗೊತ್ತಿದ್ದೂ ಇವತ್ತು ಬೆಳಗ್ಗೆ ಶರ್ಟಿಗೆ ಇಸ್ತ್ರಿ ಹಾಕಿದ್ದರಲ್ಲ ಎಂದು ನನಗೆ ಸಿಟ್ಟು ಬಂತು.

“ಹಾಗಾದ್ರೆ ಅಟ್ಟೆ ಯಾಕೆ ತಂದ್ರು?” ಎಂದೆ.

“ಅದು ಹುಡುಗರಿಗೆ. ಅಧಿಕಾರಿಗಳಿಗಲ್ಲ,” ಅಂದಳು ಅವಳು.

ತಾತ ಸೆಪ್ಟೆಂಬರಿನಲ್ಲಿ ಊರಿಗೆ ಮರಳಿದರು. ನಮ್ಮ ಪರ್ಮಿಟ್ಟು ಚಳಿಗಾಲದ ಹೊತ್ತಿಗೆ ರಿನ್ಯೂ ಆಯಿತು, ಕಲ್ಲಂಗಡಿಯ ಬಗ್ಗೆ ಯಾರೂ ಕೇಳಲಿಲ್ಲ. ಮುಂದಿನ ವರ್ಷ ಅವರ ಊರಿನಲ್ಲಿ ಮಾಜಿ ಸೈನಿಕರ ಮನೆಮನೆಗೂ ಬಾಗಿಲಿಗೆ ಹೊಡೆಯಲು ಹಿತ್ತಾಳೆ ಬಣ್ಣದ ಒಂದೊಂದು ಫಲಕ ಹಂಚಿದರಂತೆ, ಇದು ಗೌರವಾನ್ವಿತ ಕುಟುಂಬ ಎಂದು. ತಾತ ಅದನ್ನು ಕಪಾಟಿನ ಮೇಲೆ ಎಸೆದಿದ್ದರು. ಒಂದು ಬೆಳಗ್ಗೆ ಆ ಹಳೆಯ ಗೆಳೆಯ ತನ್ನ ಫಲಕ ಹಿಡಿದು ಬಾಗಿಲಿಗೆ ಬಂದ. ಪಾರ್ಶ್ವವಾಯು ಹೊಡೆದು ಅವನ ಬಲಗೈ ಏಳುತ್ತಿರಲಿಲ್ಲ, ಮನೆಯಲ್ಲಿ ಮೊಳೆ ಹೊಡೆಯುವವರು ಯಾರೂ ಇಲ್ಲ ಅಂದನಂತೆ. ತಾತ ಸುತ್ತಿಗೆ ತೆಗೆದುಕೊಂಡು ಅವನ ಹಿಂದೆ ಹೋದರು. ಅಲ್ಲಿ ಫಲಕ ಸೊಟ್ಟಗಿದೆ ಎಂದು ಗೆಳೆಯ, ಗೋಡೆಯೇ ಸೊಟ್ಟಗಿದೆ ಎಂದು ತಾತ, ಬೀದಿಗೆಲ್ಲ ಕೇಳುವಂತೆ ಜಗಳವಾಡಿದರು. ಈಗ ದಿನಾ ಸಂಜೆ ಚದುರಂಗ ಆಡುತ್ತಾರೆ, ಆಗಲೂ ಜಗಳವೇ. ತಾತನ ಹೆಂಡತಿಗೆ ಮನೆಯಲ್ಲಿ ಟಿವಿ ಕೇಳಿಸುವುದಿಲ್ಲವಂತೆ.