ಸೋಮವಾರ ಸಹಿ ಮಾಡಬೇಕಿದ್ದ ಅಳಿಯ

ನನ್ನ ಅಳಿಯನ ಕಾಲಿನ ಎರಡೂ ಹೆಬ್ಬೆರಳಿಗೆ ಉಗುರು ಇರಲಿಲ್ಲ. ಹ್ಯಾರೋದ ಗುಡಿಯ ಹಾಲ್‌ನಲ್ಲಿ ಮದುವೆ. ನಾನು ನೀರು ಹಾಕುತ್ತಿದ್ದೆ, ನಮ್ಮ ಯಜಮಾನರು ತಾಟಿನಲ್ಲಿ ಅವನ ಕಾಲು ತೊಳೆಯುತ್ತಿದ್ದರು. ಇಂಗ್ಲಿಷ್ ಹುಡುಗನ ಬಿಳಿ ಪಾದ, ಅದರ ಮೇಲೆಲ್ಲ ಹಳದಿ, ನೀಲಿ, ಕಪ್ಪು. ಇವನನ್ನು ಯಾರು ಬಡಿದಾರ ಎಂದು ಮಗಳ ಕಿವಿಯಲ್ಲಿ ಕೇಳಿದೆ. "ಯಾರೂ ಬಡದಿಲ್ಲವ್ವ, ಇದ ಇವರ ನೌಕರಿ" ಎಂದಳು.

ನೌಕರಿ ಎಂದರೆ ಫುಟ್‌ಬಾಲ್. ನಮ್ಮ ಜನಕ್ಕೆ ಫುಟ್‌ಬಾಲ್ ಎಂದರೆ ಟಿವಿಯಲ್ಲಿ ಕಾಣುವ ಕೋಟ್ಯಧೀಶರು. ಯುಗಾದಿ ಊಟದಲ್ಲಿ ಡಾಕ್ಟರೊಬ್ಬರ ಹೆಂಡತಿ, ನಿಮ್ಮ ಅಳಿಯಂದಿರು ಟಿವ್ಯಾಗ ಯಾವಾಗ ಬರ್ತಾರ್ರಿ ಎಂದು ನಕ್ಕಳು. "ನಿಮ್ಮ ಮನಿಯವರು ಯಾವಾಗ ಬಂದಿದ್ರು?" ಎಂದೆ. ಆಮೇಲೆ ಅವಳು ಕೋಸಂಬರಿ ನೋಡುತ್ತ ಉಂಡಳು.

ಅವನದು ಕೆಳಗಿನ ದರ್ಜೆಗಳ ಆಟ. ಮೂರನೆಯದು, ನಾಲ್ಕನೆಯದು, ಆಮೇಲೆ ಅದಕ್ಕೂ ಕೆಳಗೆ. ಗೋಲಿನ ಮುಂದೆ ಗೋಡೆಯ ಹಾಗೆ ನಿಂತು ಬಂದವರನ್ನು ತಡೆಯುವುದು ಅವನ ಕೆಲಸ. ಚಿಕ್ಕವನಿದ್ದಾಗ ದೊಡ್ಡ ಕ್ಲಬ್ಬೊಂದು ಇವನನ್ನು ಸಾಕಿ, ಹದಿನೆಂಟಕ್ಕೆ ಬೇಡವೆಂದು ಕೈಬಿಟ್ಟಿತು. ಅಲ್ಲಿಂದ ಊರೂರು. ಒಂದು ಕ್ಲಬ್ಬು ಇನ್ನೊಂದಕ್ಕೆ ಆಟಗಾರನನ್ನು ಎರವಲು ಕೊಡುತ್ತದೆ, ನಾವು ಪಕ್ಕದ ಮನೆಗೆ ಶ್ಯಾವಿಗೆ ಒರಳು ಕೊಟ್ಟ ಹಾಗೆ. ಹೋದ ಕಡೆಯೆಲ್ಲ ಬೇರೆ ಬಣ್ಣದ ದಪ್ಪ ಕೋಟು ಕೊಡುತ್ತಿದ್ದರು. ಯಜಮಾನರು ತೀರಿಕೊಂಡು ನಾನು ಇವರ ಮನೆಗೆ ಬಂದ ಮೇಲೆ ಆ ಕೋಟುಗಳನ್ನು ಸೀರೆಯ ಮೇಲೆ ಹಾಕಿಕೊಂಡೇ ಸೌತ್‌ಹಾಲ್ ಪೇಟೆಗೆ ಮೆಂತ್ಯ ತರಲು ಹೋಗುತ್ತಿದ್ದೆ. ಬೆನ್ನಿಗೆ ಯಾವ ಊರು ಬರೆದಿದೆಯೋ ನನಗೆ ಓದಲು ಬರುತ್ತಿರಲಿಲ್ಲ.

ನಮ್ಮ ಧಾರವಾಡದ ಕಡೆ ಅಳಿಯನನ್ನು ಹೆಸರು ಹಿಡಿದು ಕರೆಯುವುದಿಲ್ಲ. ಎದುರಿಗೆ ಬಹುವಚನವೇ. ಅವನೂ ನನ್ನನ್ನು ಅತ್ತಿ ಎನ್ನುತ್ತಿದ್ದ. ಮಗಳ ಬಾಯಿಂದ ಕಲಿತ ಕನ್ನಡ, ಕಲ್ಲು ಸೇರಿದ ಅಕ್ಕಿಯ ಹಾಗೆ. ಆದರೂ ಇಲ್ಲಿ ಹುಟ್ಟಿದ ನಮ್ಮ ಹುಡುಗರಿಗಿಂತ ಚೆಂದ ಮಾತಾಡುತ್ತಿದ್ದ. ಜೋಳದ ರೊಟ್ಟಿ, ಶೇಂಗಾ ಚಟ್ನಿ ಕಟ್ಟಿಕೊಂಡು ಆಟಕ್ಕೆ ಹೋಗುತ್ತಿದ್ದ. ಬಸ್ಸಿನಲ್ಲಿ ಉಳಿದವರು ಮೂಗು ಮುಚ್ಚುತ್ತಾರೆ ಎಂದು ತಾನೇ ಹೇಳಿ ನಗುತ್ತಿದ್ದ.

ಮೇ ತಿಂಗಳು ಬಂತೆಂದರೆ ನಗು ಬಂದ್. ಆಟದ ವರ್ಷ ಅಲ್ಲಿಗೆ ಮುಗಿಯುತ್ತದೆ. ಮ್ಯಾನೇಜರ್ ಒಬ್ಬೊಬ್ಬರನ್ನೇ ಕೋಣೆಗೆ ಕರೆದು ಇರು ಅಥವಾ ಹೋಗು ಎನ್ನುತ್ತಾನೆ. ಆ ದಿನ ಅವನು ಇಸ್ತ್ರಿ ಮಾಡಿದ ಅಂಗಿ ಹಾಕುತ್ತಿದ್ದ. "ನಿಂತಾಗ ಹೇಳಿದ್ರ ಛಲೋ, ಅತ್ತಿ. ಕುಂದ್ರು ಅಂದ್ರ ಮುಗೀತು" ಎನ್ನುತ್ತಿದ್ದ. ಅವನಿಗೆ ಮೂವತ್ತನಾಲ್ಕಾದ ವರ್ಷ ಕೂರಿಸಿಯೇ ಹೇಳಿದರು.

ಬೇರೆ ಕೆಲಸ ನೋಡಿ ಎಂದೆ. ಬೇರೇನೂ ಬರುವುದಿಲ್ಲ ಎಂದ. ನನಗೂ ಅಡಿಗೆ ಬಿಟ್ಟು ಏನೂ ಬರುವುದಿಲ್ಲ, ಹಾಗಾಗಿ ವಾದ ಮಾಡಲಿಲ್ಲ. ಜೂನ್ ಪೂರ್ತಿ ಫೋನ್ ಹಿಡಿದು ಹಿತ್ತಲಲ್ಲಿ ತಿರುಗಿದ. ಒಬ್ಬರೂ ಕರೆಯಲಿಲ್ಲ. ಒಂದು ದಿನ ಬೂಟುಗಳನ್ನು ಕಸದ ಡಬ್ಬಿಗೆ ಹಾಕಿದ, ಸಂಜೆ ತಾನೇ ತೆಗೆದು ತೊಳೆದ. ನೋಡಿಯೂ ನೋಡದವಳ ಹಾಗೆ ಇದ್ದೆ.

ಜುಲೈಯಲ್ಲಿ ಅಕ್ಸ್‌ಬ್ರಿಡ್ಜ್ ಆಚೆಯ ಒಂದು ಸಣ್ಣ ಕ್ಲಬ್ಬು, ಬಂದು ಆಡಿ ತೋರಿಸು, ಆಮೇಲೆ ನೋಡೋಣ ಎಂದಿತು. ಮಗಳಿಗೆ ಆಸ್ಪತ್ರೆಯ ಲ್ಯಾಬ್‌ನಲ್ಲಿ ಶನಿವಾರವೂ ಡ್ಯೂಟಿ. ನೀವು ಬರ್ರಿ ಅತ್ತಿ ಎಂದ, ಹೋದೆ. ಮೈಕಿನವನು ಎಲ್ಲರ ಹೆಸರು ಕೂಗಿದ. ಇವನ ಸರದಿ ಬಂದಾಗ ಬರೀ "ಟ್ರಯಲಿಸ್ಟ್" ಎಂದ. ಪರೀಕ್ಷೆಗೆ ಬಂದವರಿಗೆ ಹೆಸರು ಹೇಳುವುದಿಲ್ಲವಂತೆ, ಅದು ಅವರ ವಾಡಿಕೆ. ಅಲ್ಲಿ ಅಂಥವರು ಇಬ್ಬರಿದ್ದರು, ಇಬ್ಬರಿಗೂ ಅದೇ ಹೆಸರು. ಇನ್ನೊಬ್ಬ ಮೀಸೆ ಬಾರದ ಹುಡುಗ. ನಮ್ಮ ಅಳಿಯ ತಲೆಯಿಂದ ಗುದ್ದಿ ಗೋಲು ಹಾಕಿದ. ಗೋಲು ಹಾಕಿದವನು ಟ್ರಯಲಿಸ್ಟ್ ಎಂದಿತು ಮೈಕು. ನನಗೆ ಸಿಟ್ಟು ಬಂತು.

ಆಟ ಮುಗಿಯುತ್ತ ಬಂದಾಗ ಮೇಲೆ ಹಾರಿದವನು ಎಡಗಾಲ ಮೇಲೆ ಸೊಟ್ಟಗೆ ಬಿದ್ದ. ಔಷಧದ ಚೀಲ ಹಿಡಿದವನು ಓಡಿ ಬಂದರೆ ಬೇಡವೆಂದು ಕೈಯಾಡಿಸಿದ. ಮೈದಾನದಿಂದ ಹೊತ್ತುಕೊಂಡು ಹೋಗಬೇಕಾದ ಆಟಗಾರನನ್ನು ಯಾವ ಕ್ಲಬ್ಬೂ ತೆಗೆದುಕೊಳ್ಳುವುದಿಲ್ಲ. ಎದ್ದ, ಕೊನೆಯತನಕ ಆಡಿದ, ಮ್ಯಾನೇಜರನ ಕೈ ಕುಲುಕಿ ಏನೋ ತಮಾಷೆ ಮಾಡಿದ, ಕಾರಿನವರೆಗೆ ನೆಟ್ಟಗೆ ನಡೆದ. ಬಾಗಿಲು ಹಾಕಿದ ಮೇಲೆ ಅವನ ಬಾಯಿಂದ ಬಂದ ಸದ್ದನ್ನು ನಾನು ಹೆರಿಗೆ ಕೋಣೆಯಲ್ಲಿ ಮಾತ್ರ ಕೇಳಿದ್ದೇನೆ.

"ಅಕಿಗೆ ಹೇಳಬ್ಯಾಡ್ರಿ ಅತ್ತಿ."

"ಹೇಳತೀನಿ" ಎಂದೆ.

ಹೇಳಿದೆ. ಮಗಳು ಕೂಗಾಡಿದಳು. ಆಸ್ಪತ್ರೆಗೆ ಹೋದರೆ ದಾಖಲೆಯಾಗುತ್ತದೆ, ಕ್ಲಬ್ಬಿನವರು ಕೇಳುತ್ತಾರೆ ಎಂಬುದೇ ಅವನ ಪಾಠ. ಮೊಣಕಾಲಿಗೆ ಬಿಗಿಯಾಗಿ ಬಟ್ಟೆ ಸುತ್ತಿ, ಅದರ ಮೇಲೆ ಫ್ರೀಜರ್‌ನ ಬಟಾಣಿ ಚೀಲ ಇಟ್ಟುಕೊಂಡು ಸೋಫಾ ಹಿಡಿದ.

ಮಂಗಳವಾರ ಫೋನ್ ಬಂತು. ಒಂದು ವರ್ಷದ ಕರಾರು, ಸೋಮವಾರ ಬಂದು ಸಹಿ ಮಾಡು ಎಂದರು. ಅವರ ಡಾಕ್ಟರ್ ಸುಮ್ಮನೆ ಒಂದು ಸಲ ನೋಡುತ್ತಾನೆ ಅಷ್ಟೆ. ಅಳಿಯ ಫೋನಿನಲ್ಲಿ ನಗುತ್ತಿದ್ದ, ಕೈ ಮಾತ್ರ ಸೋಫಾದ ಬಟ್ಟೆ ಕಿವುಚುತ್ತಿತ್ತು. ಅಷ್ಟೊತ್ತಿಗೆ ಮೀನಖಂಡವೂ ಊದಿತ್ತು, ಮುಟ್ಟಿದರೆ ಬಿಸಿ. ಮಗಳು ದಿನಾ ಬೇಡಿಕೊಂಡಳು, ಈಗಲೇ ನಡಿ ಎಂದು. ಸೋಮವಾರ ಸಹಿ ಆಗಲಿ, ಅಲ್ಲಿಂದ ನೆಟ್ಟಗೆ ಆಸ್ಪತ್ರೆಗೇ ಹೋಗುತ್ತೇನೆ ಎಂದ.

"ಮೊದಲು ಕಾಲು ನೋಡ್ಕೋರಿ, ಆಮ್ಯಾಲೆ ಚೆಂಡು" ಎಂದೆ ನಾನೂ.

"ಚೆಂಡು ಇಲ್ಲಂದ್ರ ಈ ಕಾಲು ಯಾಕ, ಅತ್ತಿ?"

ಬಟಾಣಿ ಚೀಲ ಕರಗಿತ್ತು, ಬೇರೆಯದು ತಂದು ಅವನ ಮೊಣಕಾಲ ಮೇಲೆ ಇಟ್ಟೆ.

ಭಾನುವಾರ ಬೆಳಿಗ್ಗೆ ಅವನು ಮೆಟ್ಟಿಲು ಹತ್ತಿ ಇಳಿದು ಕುಂಟದೆ ನಡೆಯುವುದನ್ನು ರೂಢಿ ಮಾಡುತ್ತಿದ್ದ. ನಾನು ಅಡಿಗೆಮನೆಯಲ್ಲಿ ಹಿಟ್ಟು ನಾದುತ್ತಿದ್ದೆ. ಹೆಜ್ಜೆಯ ಸದ್ದು ನಡುವೆಯೇ ನಿಂತಿತು. ಹೋಗಿ ನೋಡಿದರೆ ಮೆಟ್ಟಿಲ ಮೇಲೆ ಕುಳಿತು, ಉಸಿರು ಸಿಗುತ್ತಿಲ್ಲ ಎಂದು ಎದೆ ತೋರಿಸಿದ. ಮಗಳು ಮೇಲಿಂದ ಓಡಿ ಬಂದಳು. ಆಂಬುಲೆನ್ಸ್ ಬೇಗನೇ ಬಂತು, ಆದರೂ ಅವನು ಉಳಿಯಲಿಲ್ಲ. ಕಾಲಿನಲ್ಲಿ ಹೆಪ್ಪುಗಟ್ಟಿದ ರಕ್ತ ಶ್ವಾಸಕೋಶಕ್ಕೆ ಹೋಗಿ ಕೂತಿತ್ತಂತೆ. ಆಟಗಾರನ ಗಟ್ಟಿ ಎದೆ, ಆಂಬುಲೆನ್ಸಿನವರು ಬಹಳ ಹೊತ್ತು ಒತ್ತಿದ್ದರು.

ಸೋಮವಾರ ಮಗಳು ಕಾಗದಪತ್ರಕ್ಕೆಂದು ಆಸ್ಪತ್ರೆಗೆ ಹೋಗಿದ್ದಳು. ಮನೆಯಲ್ಲಿ ನಾನೊಬ್ಬಳೇ. ಮೇಜಿನ ಮೇಲೆ ಅವನ ಫೋನ್ ಹೊಡೆದುಕೊಳ್ಳತೊಡಗಿತು. ಎತ್ತಿದೆ. ಮ್ಯಾನೇಜರ್. ಎಲ್ಲಿದ್ದಾನೆ, ಕಾಯುತ್ತಿದ್ದೇವೆ ಎಂದ. ನನಗೆ ಬರುವ ಇಂಗ್ಲಿಷ್‌ನಲ್ಲಿ ಅವನು ಬರುವುದಿಲ್ಲ ಎಂದೆ. ಬೇರೆ ಕ್ಲಬ್ಬು ಸಿಕ್ಕಿತೇನು ಎಂದು ಕೇಳಿದ.

ಹೌದು ಎಂದೆ.

ಅವನಿಗೆ ಇನ್ನೊಮ್ಮೆ ಯೋಚಿಸಲು ಹೇಳಿ, ಎರಡು ವರ್ಷಕ್ಕೆ ಮಾತಾಡೋಣ ಎಂದ. ದನಿ ಬೇಡಿಕೊಳ್ಳುವ ಹಾಗಿತ್ತು.

ಬೇಡ ಎಂದು ಹೇಳಿ ಫೋನ್ ಇಟ್ಟೆ. ಎಲ್ಲರೂ ಅವನನ್ನು ಬೇಡ ಎಂದವರೇ. ಅವನು ಬೇಡ ಎಂದದ್ದೂ ಒಂದು ಇರಲಿ.