ಮುಳ್ಳು ಆರಿಸಿದ ಅನ್ನ

ಮೊನ್ನೆ ಭಾನುವಾರ ಮಾವಿನಕಾಯಿ ಚಿತ್ರಾನ್ನಕ್ಕೆ ಹುರಿದ ಮೀನು ಕಲಸಿದೆ. ಒಗ್ಗರಣೆಯ ಸಾಸಿವೆ, ಒಣಮೆಣಸಿನಕಾಯಿ, ಹುಳಿ ಮಾವು, ಅದರ ಮೇಲೆ ಮೀನಿನ ಘಮ. ನಿಮ್ಮನ್ನೂ ಯಾವುದೋ ಅಡಿಗೆಯ ವಾಸನೆ ಈಗಿಲ್ಲದ ಮನೆಯೊಂದಕ್ಕೆ ಎಳೆದುಕೊಂಡು ಹೋಗಿರಬಹುದು. ಬೇರೆಯವರ ಬಾಯಲ್ಲಿ ನೀರೂರಿಸುವ ವಾಸನೆ ಇದು. ನಾನು ಮಾತ್ರ ಒಲೆ ಆರಿಸಿ, ಸೌಟು ಹಿಡಿದುಕೊಂಡೇ ನಿಂತೆ.

ಹೊನ್ನಾಳಿಯ ನಮ್ಮ ಮನೆಯ ಅಡಿಗೆಕೋಣೆಗೆ ತಗಡಿನ ಸೂರು. ಬೇಸಿಗೆಯಲ್ಲಿ ಮಧ್ಯಾಹ್ನ ಅಲ್ಲಿ ನಿಲ್ಲಲಾಗದು ಎಂದು ನಾಷ್ಟಾ, ಊಟ ಎರಡನ್ನೂ ಸೇರಿಸಿ ಹನ್ನೊಂದು ಗಂಟೆಗೆ ಉಣ್ಣುತ್ತಿದ್ದೆವು. ಅಬ್ಬನ ತಾಯಿ, ನಮ್ಮ ದಾದಿ, ಮನೆಯ ಯಜಮಾನಿ. ಅಮ್ಮಿ ಜಗಳೂರು ಕಡೆಯವಳು, ಚಿತ್ರಾನ್ನದಲ್ಲಿ ಪಳಗಿದ ಕೈ. ಅಬ್ಬನ ತಮ್ಮ ಚಾಚಾನನ್ನು ಮದುವೆಯಾಗಿ ಕರಾವಳಿಯಿಂದ ಬಂದ ಚಾಚಿಗೆ ತೆಂಗಿನಕಾಯಿ ಬೀಳದ್ದು ಅಡಿಗೆಯೇ ಅಲ್ಲ. ಅವಳಿಗೆ ನಮ್ಮ ಮನೆಮಾತು ಸರಿಯಾಗಿ ಬಾರದ್ದರಿಂದ ಜಗಳವೆಲ್ಲ ಕನ್ನಡದಲ್ಲೇ ಆಗುತ್ತಿತ್ತು. ಆ ಬೇಸಿಗೆಯಲ್ಲಿ ಯಾವುದೋ ಸಾರಿನ ವಿಷಯಕ್ಕೆ ಇಬ್ಬರೂ ಮಾತು ಬಿಟ್ಟರು. ನೋಡಿ ನೋಡಿ ಸಾಕಾದ ದಾದಿ ಒಂದು ಬೆಳಿಗ್ಗೆ ಹೊಳೆ ಮೀನು ತರಿಸಿ ಅವರ ಮುಂದಿಟ್ಟಳು. "ಇವತ್ತು ಇಬ್ರೂ ಸೇರಿ ಒಂದೇ ಪಾತ್ರೆಗೆ ಅಡಿಗೆ ಮಾಡ್ರಿ. ಮಾಡಾಕೆ ಆಗಲ್ಲ ಅಂದ್ರೆ ಹೇಳ್ರಿ, ನಾಳೆನೇ ಹಿತ್ತಲಾಗೆ ಇನ್ನೊಂದು ಒಲೆ ಹಾಕಿಸ್ತೀನಿ." ಇನ್ನೊಂದು ಒಲೆ ಎಂದರೆ ಇನ್ನೊಂದು ಮನೆ. ನನಗೆ ತಲೆ ಬಾಚುತ್ತಿದ್ದವಳು, ಕತೆ ಹೇಳುತ್ತಿದ್ದವಳು ಚಾಚಿ. ಆ ಒಲೆ ಹೊತ್ತಿದರೆ ಅಮ್ಮಿ ನನ್ನನ್ನು ಅತ್ತ ಸುಳಿಯಗೊಡುವುದಿಲ್ಲ ಎಂಬುದೇ ನನ್ನ ಭಯ.

ಹೊಸ್ತಿಲಲ್ಲಿ ಕೂತು ನೋಡುತ್ತಿದ್ದೆ. ಅಮ್ಮಿ ಮಾವಿನಕಾಯಿ ತುರಿದಳು, ಚಾಚಿ ತೆಂಗಿನಕಾಯಿ ಮಸಾಲೆ ಹಚ್ಚಿ ಮೀನು ಹುರಿದಳು. ಉಪ್ಪಿನ ಡಬ್ಬಿ ಬೇಕಾದರೂ ಒಬ್ಬರನ್ನೊಬ್ಬರು ಕೇಳದೆ, ಎದ್ದು ಸುತ್ತಿ ಬಂದು ತೆಗೆದುಕೊಂಡರು. ಕೊನೆಗೆ ಚಾಚಿ, ತನ್ನೂರಿನ ಸಮುದ್ರದ ಮೀನಿಗೆ ಮಾಡುವಂತೆ, ನಡುಮುಳ್ಳು ಎಳೆದು ಹಾಕಿ ಮೀನನ್ನು ಬಿಡಿಸಿ ಅನ್ನಕ್ಕೆ ಕಲಸಿಬಿಟ್ಟಳು. ಹೊಳೆ ಮೀನಿನ ಮೈತುಂಬ ಕೂದಲಿನಂಥ ಮುಳ್ಳು. ಹೊನ್ನಾಳಿಯಲ್ಲಿ ವರ್ಷಗಟ್ಟಲೆ ಬಾಳಿದ ಅಮ್ಮಿಗೆ ಅದು ಗೊತ್ತಿತ್ತು. ಅವಳ ಕೈ ನಿಂತಿತು, ಬಾಯಿ ತೆರೆಯಿತು. ಮಾತು ಬಿಟ್ಟವಳಲ್ಲವೇ, ಹಾಗೆಯೇ ಮುಚ್ಚಿಕೊಂಡಳು.

ಅಬ್ಬ ಮೊದಲ ತುತ್ತಿಗೇ ಕೆಮ್ಮಿದರು. ಕಣ್ಣು ಕೆಂಪಾಯಿತು, ಕೈ ಗಂಟಲಿಗೆ ಹೋಯಿತು. ದಾದಿ ತಪ್ಪಲೆಯ ತಳದಲ್ಲಿ ಉಳಿದಿದ್ದ ಬರೀ ಅನ್ನವನ್ನು ಉಂಡೆ ಕಟ್ಟಿ ನುಂಗಿಸಿದಳು. ಎರಡನೇ ಉಂಡೆಗೆ ಮುಳ್ಳು ಇಳಿಯಿತು. ಚಾಚಿ ಗೋಡೆಗೊರಗಿ ಅಳುತ್ತಿದ್ದಳು. "ನಿಂಗೆ ಗೊತ್ತಿದ್ದಿಲ್ಲೇನು?" ಎಂದು ದಾದಿ ಕೇಳಿದ್ದು ಅವಳನ್ನಲ್ಲ, ಅಮ್ಮಿಯನ್ನು. ಅಮ್ಮಿ ತಲೆ ತಗ್ಗಿಸಿದಳು. ಇನ್ನು ಒಲೆ ಬೇರೆಯಾದಂತೆಯೇ ಎಂದುಕೊಂಡೆ. ದಾದಿ ಅನ್ನವನ್ನೆಲ್ಲ ದೊಡ್ಡ ತಾಟಿಗೆ ಸುರಿದು ನಡುವೆ ಇಟ್ಟಳು. "ಕೈ ತೊಳ್ಕಂಡು ಬಂದು ಕುಂದ್ರಿ ಇಬ್ರೂ. ಮುಳ್ಳು ಆರಿಸ್ರಿ. ಅಲ್ಲೀತನಕ ಈ ಮನ್ಯಾಗೆ ಯಾರೂ ಉಣ್ಣಂಗಿಲ್ಲ."

ಅನ್ನ ಆರಿ ತಣ್ಣಗಾಯಿತು. ಮಧ್ಯಾಹ್ನದ ಅಜಾನ್ ಕೇಳಿತು. ತಗಡಿನ ಕೆಳಗೆ ಬೆವರುತ್ತ ಇಬ್ಬರೂ ಒಂದೇ ತಾಟಿನಲ್ಲಿ ಬೆರಳಾಡಿಸುತ್ತಿದ್ದರು, ತುಟಿ ಬಿಚ್ಚದೆ. ಕೊನೆಗೆ ಅಮ್ಮಿಯೇ, ಕಣ್ಣೆತ್ತದೆ, "ಬಾಲದ ತುಂಡಿನಾಗೆ ಜಾಸ್ತಿ ಇರ್ತಾವೆ. ಅದನ್ನ ಇತ್ತ ಕೊಡು, ಬೆರಳಿಗೆ ಚುಚ್ಚೀತು" ಎಂದಳು. ಚಾಚಿ ಕೊಟ್ಟಳು. ಹಿತ್ತಲಿನಲ್ಲಿ ಒಲೆ ಹಾಕಲಿಲ್ಲ. ಆಮೇಲೆ ಪ್ರತಿ ಬೇಸಿಗೆಯೂ ನಮ್ಮಲ್ಲಿ ಅದೇ ಅಡಿಗೆ. ಬೇಕೆಂದೇ ಮುಳ್ಳಿನ ಮೀನು ತರಿಸುತ್ತಿದ್ದಳು ದಾದಿ, ಕಿಲಾಡಿ ಮುದುಕಿ.

ದಾದಿ ಹೋದಳು, ಅಮ್ಮಿಯೂ ಹೋದಳು. ಚಾಚಿ ತವರೂರು ಸೇರಿದಳು. ಯಾವ ಜಗಳವೂ ಇಲ್ಲದೆ ಒಲೆಗಳು ಬೇರೆಯಾದವು; ಒಬ್ಬೊಬ್ಬರದು ಒಂದೊಂದು ಊರು, ಒಂದೊಂದು ಸಿಲಿಂಡರ್. ಹಳೆಯ ಮನೆಯ ಜಾಗದಲ್ಲಿ ಈಗ ಟೈರ್ ಅಂಗಡಿ ಇದೆ. ಮೊನ್ನೆ ನಾನು ತಂದದ್ದು ಅಂಗಡಿಯವನೇ ಮುಳ್ಳು ತೆಗೆದು ಕೊಟ್ಟ ಮೀನು. ಅಡಿಗೆ ಬೇಗ ಆಗಿಹೋಯಿತು. ಕೈ ತೊಳೆದು ತಟ್ಟೆಯ ಮುಂದೆ ಕೂತು ಅನ್ನದಲ್ಲಿ ಬೆರಳಾಡಿಸಿದೆ. ಒಂದೂ ಮುಳ್ಳು ಸಿಗಲಿಲ್ಲ. ಸಿಕ್ಕಿದ್ದರೆ ಯಾರನ್ನಾದರೂ ಕರೆದು ಎದುರಿಗೆ ಕೂರಿಸಿಕೊಳ್ಳುತ್ತಿದ್ದೆ.