ದೇವರ ಕ್ಯಾಸೆಟ್

ಟೀವಿಯಲ್ಲಿ ನಾನು ನಡೆಸಿಕೊಟ್ಟ ಮೊದಲ ಕ್ರೀಡಾ ಕಾರ್ಯಕ್ರಮ ಹೆಣ್ಣುಮಕ್ಕಳ ವೇಟ್‌ಲಿಫ್ಟಿಂಗ್ ಸ್ಪರ್ಧೆಯದು. ೨೦೦೪ರ ಮಾತು. ಅದಕ್ಕೆ ಮುಂಚೆ ಹದಿನಾಲ್ಕು ತಿಂಗಳು ವಿಜಯವಾಡದ ಚಾನೆಲ್‌ನಲ್ಲಿ ಬೇರೆಯವರು ಓದುವ ಸ್ಕೋರುಗಳನ್ನು ಟೈಪು ಮಾಡಿದ್ದೆ. "ಧಾರವಾಡದ ಹುಡುಗಿಯ ತೆಲುಗು ಅರ್ಧ ಗಂಟೆ ತಾಳುತ್ತದಾ ನೋಡೋಣ" ಎಂದು ಸಂಪಾದಕರು ಒಂದೇ ಒಂದು ಅವಕಾಶ ಕೊಟ್ಟಿದ್ದರು. ಕೆಟ್ಟರೆ ಮತ್ತೆ ಟೈಪಿಂಗಿಗೆ.

ಸ್ಪರ್ಧೆ ನಡೆದದ್ದು ವಿಶಾಖಪಟ್ಟಣದಲ್ಲಿ. ಕ್ಯಾಮೆರಾದವರು ಒಬ್ಬರೇ, ಅಲ್ಲಿಯವರು, ನನಗಿಂತ ಇಪ್ಪತ್ತು ವರ್ಷ ಹಿರಿಯರು. ನಾಲ್ಕು ಕ್ಯಾಸೆಟ್ ತುಂಬಿದವು. ತುಂಬಿದ್ದರ ಮೇಲೆ ಮತ್ತೊಮ್ಮೆ ರೆಕಾರ್ಡ್ ಆಗದಂತೆ ಅಂಚಿನ ಕೆಂಪು ಗುಂಡಿಯನ್ನು ಪ್ರತಿ ಸಲವೂ ನಾನೇ ಸರಿಸಿ, ಡೈರಿಯಲ್ಲೊಂದು ಗೀಟು ಎಳೆದೆ. ನಾಲ್ಕು ಗೀಟು. ಚೀಲಕ್ಕೆ ಹಾಕಿಕೊಟ್ಟವರು ಅವರು.

ಮರುದಿನ ಬೆಳಿಗ್ಗೆ ವಿಜಯವಾಡದಲ್ಲಿ ನಾಲ್ಕನೆಯದನ್ನು ಹಾಕಿದರೆ ಪರದೆ ಕಪ್ಪು. ಗೆದ್ದವಳ ಕೊನೆಯ ಲಿಫ್ಟ್ ಅದರಲ್ಲೇ ಇರಬೇಕಿತ್ತು. ಕಾರ್ಯಕ್ರಮ ಸಂಜೆ ಏಳಕ್ಕೆ.

"ಏನಮ್ಮಾ, ಕತ್ತಲೆಗೆ ಕಾಮೆಂಟರಿ ಹೇಳ್ತೀಯಾ?" ಎಂದರು ಸಂಪಾದಕರು.

ನಾನೇ ಅಳಿಸಿಬಿಟ್ಟೆನೇನೋ ಅಂದುಕೊಂಡೆ. ಡೈರಿ ತೆರೆದೆ. ನಾಲ್ಕೂ ಗೀಟು ಇದ್ದವು. ಕ್ಯಾಸೆಟ್ ಹೊರತೆಗೆದೆ. ಕೆಂಪು ಗುಂಡಿ ಸರಿದೇ ಇರಲಿಲ್ಲ. ಮೂಲೆಯಲ್ಲಿ ಒಣಗಿದ ಗಂಧದ ಬೊಟ್ಟು. ಇದು ನನ್ನದಲ್ಲ.

ಕ್ಯಾಮೆರಾದವರಿಗೆ ಫೋನು ಮಾಡಿದೆ.

"ಅಯ್ಯೋ ಮೇಡಂ, ಅದು ದೇವರದು!"

ಪ್ರತಿ ಹೊಸ ಕಾರ್ಯಕ್ರಮಕ್ಕೂ ಅವರು ಒಂದು ಖಾಲಿ ಕ್ಯಾಸೆಟ್ಟನ್ನು ಸಿಂಹಾಚಲಂ ಬೆಟ್ಟದ ಗುಡಿಗೆ ಒಯ್ದು, ಗಂಧ ಹಚ್ಚಿಸಿ, ಶೂಟಿಂಗಿಗೆ ಜೊತೆಗಿಟ್ಟುಕೊಂಡು, ಆಮೇಲೆ ಮನೆಯ ದೇವರ ಮುಂದೆ ಇಡುತ್ತಿದ್ದರಂತೆ. ಅದರಲ್ಲಿ ಎಂದೂ ರೆಕಾರ್ಡ್ ಮಾಡುತ್ತಿರಲಿಲ್ಲ.

"ಹಾಗಾದರೆ ನನ್ನದು?"

"ನಿಮ್ಮದಕ್ಕೆ ಬೆಳಿಗ್ಗೆ ನಾನೇ ಹೂವು ಏರಿಸಿದೆನಂಡಿ."

ಹನ್ನೊಂದರ ರೈಲಿನಲ್ಲಿ ಪರಿಚಯದ ಎಸಿ ಬೋಗಿ ಅಟೆಂಡರ್ ಕೈಗೆ ಕೊಟ್ಟು ಕಳಿಸಿದರು. ನಾಲ್ಕರಿಂದಲೇ ನಾನು ಪ್ಲಾಟ್‌ಫಾರಂ ಮೇಲೆ ನಿಂತಿದ್ದೆ. ರೈಲು ಬಂದಾಗ ಐದೂ ಇಪ್ಪತ್ತು.

"ಟೀವಿ ಮೇಡಂ ನೀವೇನಾ? ಪ್ರಸಾದ ಅಂದ್ರು. ಜೋಪಾನ."

ಸ್ಟುಡಿಯೋಗೆ ಓಡಿಬಂದು ಕ್ಯಾಸೆಟ್ ಹಾಕಿದೆ. ಹುಡುಗಿ ತಲೆಯ ಮೇಲೆ ಭಾರ ಹಿಡಿದು ನಿಂತಿದ್ದಳು, ಮೊಣಕೈ ನಡುಗುತ್ತಿತ್ತು. ತೀರ್ಪುಗಾರರ ಮೂರು ಬಿಳಿ ದೀಪ ಹತ್ತಿದ ಮೇಲೆ ಅವಳು ಭಾರ ಕೆಳಗೆ ಬಿಟ್ಟಳು. ನಾನೂ ಆಗಲೇ ಉಸಿರು ಬಿಟ್ಟಿದ್ದು.

ಏಳೂವರೆಗೆ ಕಾರ್ಯಕ್ರಮ ಮುಗಿಯಿತು. ತೆಲುಗಿನಲ್ಲಿ ತಡವರಿಸಿದ್ದು ಆರು ಸಲ, ಬರೆದಿಟ್ಟಿದ್ದೇನೆ. ಸಂಪಾದಕರು ಅದರ ಮಾತೇ ಎತ್ತಲಿಲ್ಲ.

"ಮುಂದಿನ ವಾರ ಕಬಡ್ಡಿ," ಎಂದರು. "ಖಾಲಿ ಕ್ಯಾಸೆಟ್ ಬೆಟ್ಟ ಹತ್ತಿ, ಇಳಿದು, ಎಲ್ಲಿಗೆ ಹೋಯಿತು ಅಂತ ಅದನ್ನೂ ಡೈರಿಯಲ್ಲಿ ಬರಕೋ ತಾಯಿ."